ಕುಲುಮೆ ರಿಪೇರಿಯಾಯಿತು, ದೆವ್ವ ಹೋಯಿತು

ಅಮೆರಿಕದ ಕಣ್ಣಿನ ವೈದ್ಯ ವಿಲಿಯಂ ವಿಲ್ಮರ್ 1921ರಲ್ಲಿ ವೈದ್ಯಕೀಯ ಪತ್ರಿಕೆಯೊಂದಕ್ಕೆ ಒಂದು ದೆವ್ವದ ಮನೆಯ ಕಥೆ ಬರೆದರು. ಹಳೇ ಮನೆಗೆ ಹೊಸದಾಗಿ ಬಂದ ಕುಟುಂಬ ಅದು. ರಾತ್ರಿಯಾದರೆ ಹೆಜ್ಜೆ ಸಪ್ಪಳ. ಯಾರೋ ಬೆನ್ನ ಹಿಂದೆಯೇ ಬಂದ ಹಾಗೆ. ಜೊತೆಗೆ ಎಲ್ಲರಿಗೂ ತಲೆನೋವು, ಸುಸ್ತು. ಕೊನೆಗೆ ಸಿಕ್ಕಿಬಿದ್ದಿದ್ದು ಮನೆ ಬೆಚ್ಚಗಿಡುವ ಕುಲುಮೆ! ಅದು ಕೆಟ್ಟಿತ್ತು. ಚಿಮಣಿಯಿಂದ ಹೊರಗೆ ಹೋಗಬೇಕಿದ್ದ ಕಾರ್ಬನ್ ಮೋನಾಕ್ಸೈಡ್ ಎಂಬ, ಭ್ರಮೆ ಹುಟ್ಟಿಸಬಲ್ಲ ವಿಷಾನಿಲ ಮನೆಯೊಳಗೇ ತುಂಬುತ್ತಿತ್ತು. ರಿಪೇರಿಯಾದ ಮೇಲೆ ದೆವ್ವದ ಸುಳಿವಿಲ್ಲ.

ಆ ಮನೆಯವರು ಸುಳ್ಳು ಹೇಳಿರಲಿಲ್ಲ, ಗಮನಿಸಿ. ಅನುಭವ ನಿಜ, ಕಾರಣ ಮಾತ್ರ ಬೇರೆ. ನಿದ್ದೆಯಲ್ಲಿ ಎದೆ ಮೇಲೆ ಯಾರೋ ಕೂತ ಹಾಗಾಗುವುದೂ ಇಂಥದ್ದೇ. ಕನಸು ಬೀಳುವಾಗ ಕೈಕಾಲು ಆಡದಂತೆ ಮೆದುಳು ತಡೆದಿರುತ್ತದೆ. ಆ ಹೊತ್ತಿಗೆ ಎಚ್ಚರವಾಗಿಬಿಟ್ಟರೆ ಕನಸಿನ ಭಯ ಕೋಣೆಯಲ್ಲೇ ನಿಂತಿರುತ್ತದೆ.

ಕಾರಣ ಗೊತ್ತಿಲ್ಲದ ಕಡೆ ಕಥೆ ಬಂದು ಕೂರುತ್ತದೆ. ಸುಮಾರು 1,900 ವರ್ಷಗಳ ಹಿಂದೆ ರೋಮ್‌ನ ಲೇಖಕ ಕಿರಿಯ ಪ್ಲಿನಿ ಒಂದು ಪತ್ರದಲ್ಲಿ ಅಥೆನ್ಸ್‌ನ ಮನೆಯೊಂದರ ಬಗ್ಗೆ ಬರೆದಿದ್ದ. ರಾತ್ರಿ ಸಂಕೋಲೆ ಸದ್ದು, ಅಂಗಳ ಅಗೆದರೆ ಮೂಳೆ, ಸಂಸ್ಕಾರ ಮಾಡಿದ ಮೇಲೆ ಕಾಟ ಬಂದ್. ಎಲ್ಲೋ ಕೇಳಿದ ಹಾಗಿದೆ, ಅಲ್ವಾ?

ಸತ್ತವರ ಜೊತೆ ಮಾತಾಡುವುದು ದೊಡ್ಡ ಚಳವಳಿಯಾಗಿ ಬೆಳೆದಿದ್ದು ಮಾತ್ರ 1848ರ ನಂತರ. ನ್ಯೂಯಾರ್ಕ್ ರಾಜ್ಯದ ಹೈಡ್ಸ್‌ವಿಲ್ ಹಳ್ಳಿಯ ಫಾಕ್ಸ್ ಸೋದರಿಯರು ಪ್ರಶ್ನೆ ಕೇಳಿದರೆ ಸಾಕು, ಎಲ್ಲಿಂದಲೋ ಟಕ್ ಟಕ್ ಅಂತ ಉತ್ತರ ಬರುತ್ತಿತ್ತು. ಸುದ್ದಿ ಹಬ್ಬಿತು. ಊರೂರಲ್ಲಿ ಜನ ಮೇಜಿನ ಸುತ್ತ ಕೂತು ಆತ್ಮಗಳನ್ನು ಕರೆಯತೊಡಗಿದರು. ಆತ್ಮ ಬಂದರೆ ಮೇಜು ತಾನಾಗಿಯೇ ತಿರುಗುತ್ತದೆ ಎಂಬ ನಂಬಿಕೆ. ಮೇಜು ತಿರುಗಿಸುತ್ತಿರುವುದು ಕೂತವರ ಕೈಗಳೇ, ಅದು ಅವರಿಗೇ ಗೊತ್ತಾಗುತ್ತಿಲ್ಲ ಎಂದು ವಿಜ್ಞಾನಿ ಮೈಕೆಲ್ ಫ್ಯಾರಡೆ 1853ರಲ್ಲೇ ಪ್ರಯೋಗ ಮಾಡಿ ತೋರಿಸಿದರು. 1888ರಲ್ಲಿ ಸೋದರಿಯರಲ್ಲಿ ಒಬ್ಬಳಾದ ಮಾರ್ಗರೆಟ್ಟಾ ವೇದಿಕೆ ಹತ್ತಿ, ಟಕ್ ಟಕ್ ಸದ್ದು ತನ್ನ ಕಾಲ್ಬೆರಳ ಗಂಟಿನದು ಎಂದು ಒಪ್ಪಿಕೊಂಡಳು. ಮರುವರ್ಷ ಆ ಮಾತನ್ನೂ ವಾಪಸ್ ತೆಗೆದುಕೊಂಡಳು!

ಗುಟ್ಟು ಬಯಲಾದ ಮೇಲೂ ನಂಬಿಕೆ ನಿಲ್ಲಲಿಲ್ಲ. ಮೊದಲ ಮಹಾಯುದ್ಧದಲ್ಲಿ ಲಕ್ಷಗಟ್ಟಲೆ ಹುಡುಗರು ಸತ್ತಾಗ ಇಂಥ ಮೇಜುಗಳ ಮುಂದೆ ಕೂತವರು ಇನ್ನೂ ಜಾಸ್ತಿಯಾದರು. ಮಗನ ಒಂದು ಮಾತಿಗಾಗಿ ಬಂದ ತಾಯಿಗೆ ಕಾಲ್ಬೆರಳ ಕಥೆ ಹೇಳಿ ಏನು ಪ್ರಯೋಜನ?

1971ರಲ್ಲಿ ವೇಲ್ಸ್‌ನ ವೈದ್ಯ ಡೆವಿ ರೀಸ್, ಸಂಗಾತಿಯನ್ನು ಕಳೆದುಕೊಂಡ 293 ಜನರನ್ನು ಮಾತಾಡಿಸಿ ಬರೆದ ವರದಿ ಪ್ರಕಟವಾಯಿತು. ಹೆಚ್ಚುಕಡಿಮೆ ಅರ್ಧದಷ್ಟು ಜನರಿಗೆ ತೀರಿಹೋದವರು ಇನ್ನೂ ಜೊತೆಯಲ್ಲೇ ಇದ್ದಾರೆ ಅನ್ನಿಸಿತ್ತು. ಕೆಲವರಿಗೆ ಕಂಡಿದ್ದರು, ಕೆಲವರಿಗೆ ದನಿ ಕೇಳಿತ್ತು. ಹೆಚ್ಚಿನವರಿಗೆ ಅದರಿಂದ ಭಯವಾಗಿರಲಿಲ್ಲ, ಸಮಾಧಾನವಾಗಿತ್ತು. ಆದರೂ ಅವರಲ್ಲಿ ಬಹುಪಾಲು ಜನ ಅದನ್ನು ಅಲ್ಲಿಯವರೆಗೆ ಯಾರ ಹತ್ತಿರವೂ ಹೇಳಿಕೊಂಡಿರಲಿಲ್ಲ.