ಗುಜರಿಯಿಂದ ಗಣಿಗೆ: ಅನಿಲ್ ಅಗರ್ವಾಲ್ ಹಾದಿಯೂ ನಮ್ಮ ಭದ್ರಾವತಿಯೂ

ವಿಐಎಸ್‌ಎಲ್ (ಭದ್ರಾವತಿಯ ವಿಶ್ವೇಶ್ವರಯ್ಯ ಕಬ್ಬಿಣ ಮತ್ತು ಉಕ್ಕಿನ ಕಾರ್ಖಾನೆ) ಮಾರಾಟದ ಮಾತು ಬಂದಾಗಲೆಲ್ಲ ಶಿವಮೊಗ್ಗ, ಭದ್ರಾವತಿ ಕಡೆ ಏಳುವ ಪ್ರಶ್ನೆ ಒಂದೇ. ಸರ್ಕಾರಿ ಕಂಪನಿ ಕೊಂಡು ಸಾವಿರಾರು ಕೋಟಿ ಮಾಡಿದವರು ಇದ್ದಾರಲ್ಲ, ಅಂಥವರು ಯಾರೂ ಇದನ್ನು ಯಾಕೆ ಕೊಳ್ಳಲಿಲ್ಲ? ಗಣಿ, ಲೋಹದ ವ್ಯಾಪಾರದ ವೇದಾಂತ ಕಂಪನಿಯ ಅನಿಲ್ ಅಗರ್ವಾಲ್ ಬೆಳೆದ ಬಗೆ ನೋಡಿದರೆ ಉತ್ತರ ಸಿಗುತ್ತದೆ.

ಅಗರ್ವಾಲ್ ಹುಟ್ಟಿದ್ದು 1954ರಲ್ಲಿ, ಪಟ್ನಾದಲ್ಲಿ. ಅಪ್ಪನದು ಅಲ್ಯೂಮಿನಿಯಂ ತಂತಿಯ ಸಣ್ಣ ವ್ಯಾಪಾರ. ಹುಡುಗ ಕಾಲೇಜು ಮೆಟ್ಟಿಲು ಹತ್ತದೆ ಮುಂಬೈಗೆ ಹೋದ. ಹಳೇ ಕೇಬಲ್ ಕೊಳ್ಳೋದು, ಒಳಗಿನ ತಾಮ್ರ ಮಾರೋದು. ಅಪ್ಪಟ ಗುಜರಿ ವ್ಯಾಪಾರ. 1976ರಲ್ಲಿ ಬ್ಯಾಂಕ್ ಸಾಲ ಮಾಡಿ ಶಂಶೇರ್ ಸ್ಟರ್ಲಿಂಗ್ ಅನ್ನೋ ತಾಮ್ರದ ತಂತಿ ಕಂಪನಿ ಕೊಂಡರು. 1986ರಲ್ಲಿ ಟೆಲಿಫೋನ್ ಕೇಬಲ್ ಕಾರ್ಖಾನೆ ಬಂತು.

ಅಲ್ಲಿಂದ ಮುಂದೆ ಅವರ ಲೆಕ್ಕ ಹಿಂದಕ್ಕೆ ಓಡಿತು. ಕೇಬಲ್‌ಗೆ ತಾಮ್ರ ಬೇಕು. ತಾಮ್ರಕ್ಕೆ ಕುಲುಮೆ ಬೇಕು. ಕುಲುಮೆಗೆ ಅದಿರು ಬೇಕು. ತಮಿಳುನಾಡಿನ ತೂತ್ತುಕುಡಿಯಲ್ಲಿ ತಾಮ್ರದ ಕಾರ್ಖಾನೆ ಕಟ್ಟಿದರು, ಆಸ್ಟ್ರೇಲಿಯಾದ ಟಾಸ್ಮೇನಿಯಾದಲ್ಲಿ ಗಣಿ ಕೊಂಡರು.

ದೊಡ್ಡ ಬೇಟೆ ಸಿಕ್ಕಿದ್ದು ಕೇಂದ್ರ ಸರ್ಕಾರ ತನ್ನ ಕಂಪನಿಗಳನ್ನು ಮಾರೋಕೆ ಕೂತಾಗ. 2001ರಲ್ಲಿ ಅಲ್ಯೂಮಿನಿಯಂ ಕಂಪನಿ ಬಾಲ್ಕೋದ ಶೇ. 51 ಪಾಲು ಸುಮಾರು 551 ಕೋಟಿಗೆ ಸಿಕ್ಕಿತು. ಅದರ ಕಾರ್ಖಾನೆಯಿರುವ ಛತ್ತೀಸ್‌ಗಢದ ಕೊರ್ಬಾದಲ್ಲಿ ಕಾರ್ಮಿಕರು 67 ದಿನ ಮುಷ್ಕರ ಹೂಡಿದರು. ಮಾರಾಟ ನಿಲ್ಲಲಿಲ್ಲ, ಸುಪ್ರೀಂ ಕೋರ್ಟ್ ಕೂಡ ಎತ್ತಿಹಿಡಿಯಿತು. ಮರುವರ್ಷ ಹಿಂದೂಸ್ತಾನ್ ಜಿಂಕ್‌ನ ಶೇ. 26 ಪಾಲು 445 ಕೋಟಿಗೆ ಬಂತು. ಅದರ ಜೊತೆ ಬಂದಿದ್ದು ರಾಜಸ್ಥಾನದ ರಾಂಪುರಾ ಅಗುಚಾ, ಜಗತ್ತಿನ ದೊಡ್ಡ ಸತುವಿನ ಗಣಿಗಳಲ್ಲೊಂದು. 2003ರಲ್ಲಿ ವೇದಾಂತ ಲಂಡನ್ ಷೇರುಪೇಟೆಗೆ ಇಳಿಯಿತು. 2007ರಲ್ಲಿ ಕಬ್ಬಿಣದ ಅದಿರಿನ ಕಂಪನಿ ಸೇಸಾ ಗೋವಾ ಕೈಗೆ ಬಂತು. ಅದರ ಜೊತೆ ನಮ್ಮ ಪಕ್ಕದ ಚಿತ್ರದುರ್ಗದ ಕಬ್ಬಿಣದ ಗಣಿಯೂ ಅವರದಾಯಿತು.

ಸ್ವಂತ ಶ್ರಮದಿಂದ ಮೇಲೆ ಬಂದವರು ಅನ್ನೋದು ಸುಳ್ಳಲ್ಲ. ಆದರೆ ಅರ್ಧ ಮಾತು ಅಷ್ಟೇ. ನೆಲದೊಳಗಿನ ಅದಿರು ಅವರು ದುಡಿದು ಮಾಡಿದ್ದಲ್ಲವಲ್ಲ! ಆ ನೆಲದವರು ಬೇಡ ಅಂದಾಗ ಏನಾಗುತ್ತೆ ಅನ್ನೋದೂ ಗೊತ್ತಾಯಿತು. 2013ರಲ್ಲಿ ಒಡಿಶಾದ ನಿಯಮಗಿರಿಯಲ್ಲಿ ಹನ್ನೆರಡಕ್ಕೆ ಹನ್ನೆರಡೂ ಗ್ರಾಮಸಭೆಗಳು ವೇದಾಂತಕ್ಕೆ ಬೇಕಿದ್ದ ಬಾಕ್ಸೈಟ್ (ಅಲ್ಯೂಮಿನಿಯಂ ಅದಿರು) ಗಣಿಗೆ ಒಲ್ಲೆ ಅಂದವು. 2018ರ ಮೇ ತಿಂಗಳಲ್ಲಿ ತೂತ್ತುಕುಡಿ ಕಾರ್ಖಾನೆ ವಿರುದ್ಧ ಜನ ಬೀದಿಗಿಳಿದರು. ಪೊಲೀಸ್ ಗುಂಡಿಗೆ 13 ಮಂದಿ ಸತ್ತರು. ಕಾರ್ಖಾನೆಗೆ ಬೀಗ ಬಿತ್ತು.

ಈಗ ಭದ್ರಾವತಿಗೆ ಬನ್ನಿ. ಮೈಸೂರು ಅರಸರ ಕಾಲದಲ್ಲಿ ಶುರುವಾದ ಕಬ್ಬಿಣದ ಕಾರ್ಖಾನೆ ಇದು. 1923ರಲ್ಲಿ ಕುಲುಮೆ ಹೊತ್ತಿಕೊಂಡಾಗ ಬೇಕಾದದ್ದೆಲ್ಲ ಕೈಯಳತೆಯಲ್ಲಿತ್ತು. ಕೆಮ್ಮಣ್ಣುಗುಂಡಿಯ ಅದಿರು ರೋಪ್‌ವೇ ತೊಟ್ಟಿಗಳಲ್ಲಿ ತೂಗಾಡುತ್ತಾ ಬೆಟ್ಟದ ಕೆಳಗಿನ ತಣಿಗೆಬೈಲಿಗೆ ಇಳಿಯುತ್ತಿತ್ತು. ಕುಲುಮೆಗೆ ಮಲೆನಾಡಿನ ಕಾಡಿನ ಇದ್ದಿಲು. ನೀರಿಗೆ ಭದ್ರಾ ಹೊಳೆ. ಕಾಡಿಗೆ ಬಿದ್ದ ಹೊಡೆತ ಸಣ್ಣದೇನಲ್ಲ, ಅದು ಬೇರೆ ಕಥೆ.

1989ರಲ್ಲಿ ಕಾರ್ಖಾನೆ ರಾಜ್ಯದ ಕೈಯಿಂದ ಕೇಂದ್ರ ಸರ್ಕಾರದ ಉಕ್ಕಿನ ಕಂಪನಿ ಸೈಲ್ ಪಾಲಾಯಿತು. ಮುಂದೆ ಕೆಮ್ಮಣ್ಣುಗುಂಡಿಯ ಗಣಿಯೂ ನಿಂತಿತು. ಸಂಡೂರಿನ ರಾಮನದುರ್ಗದಲ್ಲಿ ಗಣಿ ಕೊಡುವ ಮಾತು ವರ್ಷಗಟ್ಟಲೆ ನಡೆಯಿತು. 2019ರಲ್ಲಿ ಕೇಂದ್ರ ಸರ್ಕಾರ ಕೊಳ್ಳುವವರನ್ನು ಕರೆದಾಗ ತೋರಿಸೋಕಿದ್ದದ್ದು ಹಳೇ ಶೆಡ್ಡುಗಳು, ಜಾಗ, ಕೆಲಸ ಬಲ್ಲ ಜನ. ಅಗರ್ವಾಲ್ ಥರದ ವ್ಯಾಪಾರಿಗಳು ಮೊದಲು ಹುಡುಕುವ ಅದಿರು ಮಾತ್ರ ಇರಲಿಲ್ಲ. ಆಸಕ್ತಿ ತೋರಿದ್ದವರೂ ಮುಂದಕ್ಕೆ ಬರಲಿಲ್ಲ. 2022ರ ಅಕ್ಟೋಬರ್‌ನಲ್ಲಿ ಸರ್ಕಾರ ಮಾರಾಟವನ್ನೇ ಕೈಬಿಟ್ಟಿತು.

2023ರ ಜನವರಿಯಲ್ಲಿ ಮುಚ್ಚುವ ತೀರ್ಮಾನ ಬಂತು. ಕಾರ್ಮಿಕರು ಧರಣಿ ಕೂತರು. ಅದೇ ಆಗಸ್ಟ್‌ನಲ್ಲಿ ಉಕ್ಕಿನ ಸರಳು ಮಾಡುವ ಬಾರ್ ಮಿಲ್ ಮತ್ತೆ ಶುರುವಾಯಿತು, ಸೈಲ್‌ನ ಬೇರೆ ಕಾರ್ಖಾನೆಗಳಿಂದ ತರಿಸಿದ ಉಕ್ಕಿನ ಮೇಲೆ.