ಗೇಮ್ ಸುಮ್ಮನಿರಲಿ, ಟ್ಯಾಬ್ ಮಾತಾಡಲಿ

ಬಳ್ಳಾರಿಯಲ್ಲಿ ಮೊಬೈಲ್, ಟ್ಯಾಬ್ ರಿಪೇರಿ ಅಂಗಡಿ ಇಟ್ಟುಕೊಂಡು ಕೂತವನ ಮುಂದೆ ಸೌಂಡಿನ ದೂರು ಎರಡು ಬಗೆಯಲ್ಲಿ ಬರುತ್ತದೆ. ಗೇಮ್ ಆಡುವಾಗ ಸೌಂಡೇ ಬರುತ್ತಿಲ್ಲ ಎನ್ನುವವರು ಕೆಲವರು. ಏನು ಮಾಡಿದರೂ ಗೇಮಿನ ಸೌಂಡ್ ಬಂದ್ ಆಗುತ್ತಿಲ್ಲ ಎನ್ನುವವರು ಇನ್ನು ಕೆಲವರು. ಮೊದಲನೆಯವರು ಸ್ಪೀಕರ್ ಹೋಗಿದೆ ಎಂದು ತಾವೇ ತೀರ್ಮಾನ ಮಾಡಿಕೊಂಡು ಬಂದಿರುತ್ತಾರೆ, ಎರಡನೆಯವರು ಮಕ್ಕಳ ಮೇಲೆ ಸಿಟ್ಟು ಮಾಡಿಕೊಂಡು. ಬಹಳ ಸಲ ಇಬ್ಬರ ಟ್ಯಾಬಿಗೂ ಸ್ಕ್ರೂಡ್ರೈವರ್ ತಾಕಿಸುವ ಕೆಲಸವೇ ಇರುವುದಿಲ್ಲ.

ತೋರಣಗಲ್ಲು ಕಡೆಯಿಂದ ಬಂದ ಒಬ್ಬರು ಕೌಂಟರಿನ ಮೇಲೆ ಐಪ್ಯಾಡ್ ಇಟ್ಟು, "ಅಣ್ಣಾ, ಸ್ಪೀಕರ್ ಹೋಗೈತಿ ನೋಡ್ರಿ, ಹೊಸಾದು ಹಾಕಾಕ ಎಷ್ಟಾಗ್ತೈತಿ?" ಎಂದರು. ಜೊತೆಗೆ ಮಗಳೂ ಇದ್ದಳು, ನಾಲ್ಕನೇ ಕ್ಲಾಸೋ ಐದನೆಯದೋ.

"ಯೂಟ್ಯೂಬ್‌ನ್ಯಾಗ ಬರ್ತೈತೇನ್ರಿ?"

"ಅದ್ರಾಗ ಬರ್ತೈತ್ರಿ. ಗೇಮ್‌ನ್ಯಾಗ ಅಷ್ಟ ಬರವಲ್ದು."

ಯೂಟ್ಯೂಬಿಗೆ ದುಡಿಯುವ ಸ್ಪೀಕರ್ ಗೇಮಿಗೆ ಮಾತ್ರ ಕೈಕೊಡುವುದುಂಟೇ? ಪರದೆಯ ಬಲಗಡೆ ಮೇಲಿನ ಮೂಲೆಯಿಂದ ಬೆರಳು ಕೆಳಕ್ಕೆ ಎಳೆದೆ. ಕಂಟ್ರೋಲ್ ಸೆಂಟರ್ ತೆರೆಯಿತು. ಅಲ್ಲಿ ಗಂಟೆಯ ಗುರುತು, ಅದರ ಮೇಲೊಂದು ಅಡ್ಡಗೆರೆ. ಒಮ್ಮೆ ಮುಟ್ಟಿದೆ. ಗೇಮ್ ತೆರೆದ ಕೂಡಲೇ ಹಾಡು ಅಂಗಡಿ ತುಂಬ ಕೇಳಿತು. "ನಾ ಹೇಳಿದ್ನಲ್ಲಪ್ಪಾ, ಕೆಟ್ಟಿಲ್ಲಂತ" ಎಂದಳು ಮಗಳು. ಅಪ್ಪ ಪಾಕೀಟಿಗೆ ಕೈ ಹಾಕಿದರು, ಬೇಡ ಎಂದೆ. ಗುಂಡಿ ಒತ್ತಿದ್ದಕ್ಕೆಲ್ಲ ದುಡ್ಡು ತೆಗೆದುಕೊಂಡರೆ ನಾಳೆ ನಿಜವಾಗಿ ಸ್ಪೀಕರ್ ಹೋದಾಗ ಅವರು ಬೇರೆ ಅಂಗಡಿ ಹುಡುಕುತ್ತಾರೆ.

ಸೌಂಡ್ ಮ್ಯೂಟ್ ಮಾಡುವ ಈ ಗಂಟೆ ಗುರುತಿನ ಹಿಂದೆ ಸ್ವಲ್ಪ ಇತಿಹಾಸವಿದೆ. 2010ರಲ್ಲಿ ಮೊದಲ ಐಪ್ಯಾಡ್ ಬಂದಾಗ ಅದರ ಪಕ್ಕದಲ್ಲೊಂದು ಸಣ್ಣ ಸ್ವಿಚ್ ಇತ್ತು, ಪರದೆ ಅಡ್ಡ-ಉದ್ದ ತಿರುಗದಂತೆ ಹಿಡಿದಿಡಲು. ಅದೇ ವರ್ಷದ ನವೆಂಬರಿನಲ್ಲಿ ಬಂದ ಐಪ್ಯಾಡಿನ ಸಾಫ್ಟ್‌ವೇರ್ ಐಓಎಸ್ 4.2 ಆ ಸ್ವಿಚ್ಚನ್ನು ಮ್ಯೂಟ್ ಸ್ವಿಚ್ ಮಾಡಿಬಿಟ್ಟಿತು. ಜನ ಗೊಣಗಿದರು. 2011ರ ಮಾರ್ಚಿನ 4.3ರಲ್ಲಿ ಯಾವುದಕ್ಕೆ ಬೇಕೋ ಅದಕ್ಕೆ ಇಟ್ಟುಕೊಳ್ಳಿ ಎಂದು ಆಯ್ಕೆ ಕೊಟ್ಟರು. 2014ರ ಐಪ್ಯಾಡ್ ಏರ್ 2 ಬರುವಾಗ ಸ್ವಿಚ್ಚೇ ಮಾಯ. ಈಗ ಉಳಿದಿರುವುದು ಪರದೆಯೊಳಗಿನ ಗಂಟೆ ಮಾತ್ರ. ಕೈಗೆ ತಾಗುವ ಸ್ವಿಚ್ ಇದ್ದಾಗ ಹೊರಗಿನಿಂದಲೇ ಕಾಣುತ್ತಿತ್ತು. ಈಗ ಮಗು ಅಲ್ಲಿ ಇಲ್ಲಿ ಬೆರಳಾಡಿಸುವಾಗ ಗಂಟೆ ಒತ್ತಿ ಹೋದರೆ ಮನೆಯಲ್ಲಿ ಯಾರಿಗೂ ಗೊತ್ತಾಗುವುದಿಲ್ಲ.

ಮ್ಯೂಟ್ ಮಾಡಿದ ಮೇಲೂ ಯೂಟ್ಯೂಬ್ ಯಾಕೆ ಹಾಡುತ್ತದೆ? ಆ್ಯಪ್ ಬರೆಯುವವರು ತಮ್ಮ ಸೌಂಡ್ ಯಾವ ಜಾತಿಯದೆಂದು ಐಪ್ಯಾಡಿಗೆ ಹೇಳಬೇಕಾಗುತ್ತದೆ. ಕೇಳುವುದಕ್ಕೆಂದೇ ತೆರೆಯುವ ಹಾಡು, ಸಿನಿಮಾ, ಪಾಠದ ವಿಡಿಯೋ ಒಂದು ಜಾತಿ. ಅದು ಸೈಲೆಂಟಿಗೆ ಕಿವಿಗೊಡುವುದಿಲ್ಲ, ಏಕೆಂದರೆ ಸೌಂಡಿಲ್ಲದೆ ಅದನ್ನು ತೆರೆದು ಪ್ರಯೋಜನವಿಲ್ಲ. ಸೌಂಡಿಲ್ಲದೆಯೂ ನಡೆಯುವಂಥದ್ದು ಇನ್ನೊಂದು ಜಾತಿ. ಹೆಚ್ಚಿನ ಗೇಮುಗಳು ಇದರಲ್ಲಿ ಬರುತ್ತವೆ, ಗಂಟೆ ಒತ್ತಿದರೆ ಬಾಯಿ ಮುಚ್ಚಿಕೊಳ್ಳುತ್ತವೆ. ಆ್ಯಪಿನವರು ಏನೂ ಹೇಳದೆ ಬಿಟ್ಟರೆ ಐಪ್ಯಾಡ್ ತಾನಾಗಿ ಈ ಎರಡನೇ ಸಾಲಿಗೇ ಸೇರಿಸುತ್ತದೆ. ಹಾಗಾಗಿ ಐಪ್ಯಾಡ್ ಇರುವ ಮನೆಯವರಿಗೆ ಗೇಮ್ ಒಂದನ್ನೇ ಸುಮ್ಮನಾಗಿಸುವ ದಾರಿ ಸಲೀಸು. ವಾಲ್ಯೂಮ್ ಇದ್ದಲ್ಲೇ ಇರಲಿ, ಗಂಟೆ ಒತ್ತಿ. ಪಾಠದ ವಿಡಿಯೋ ಕೇಳುತ್ತದೆ, ಗೇಮ್ ಕೇಳುವುದಿಲ್ಲ. ಕೆಲವು ಗೇಮ್ ಕಂಪನಿಗಳು ತಮ್ಮ ಸೌಂಡನ್ನೂ ಸಿನಿಮಾದ ಸಾಲಿಗೆ ಸೇರಿಸಿರುತ್ತವೆ, ಅಂಥವು ಗಂಟೆಗೆ ಬಗ್ಗುವುದಿಲ್ಲ. ಅದು ಅವರ ಆಯ್ಕೆ. ನನ್ನನ್ನು ಕೇಳಿದರೆ, ಒರಟುತನ.

ಆಂಡ್ರಾಯ್ಡ್ ಟ್ಯಾಬಿನಲ್ಲಿ ಲೆಕ್ಕ ಬೇರೆ. ನಮ್ಮ ಊರಲ್ಲಿ ಹೆಚ್ಚು ಓಡಾಡುವುದು ಇವೇ. 2021ರಲ್ಲಿ ಸರ್ಕಾರಿ ಪದವಿ, ಪಾಲಿಟೆಕ್ನಿಕ್ ವಿದ್ಯಾರ್ಥಿಗಳಿಗೆ ಸರ್ಕಾರ ಕೊಟ್ಟ ಟ್ಯಾಬುಗಳು ಈಗ ಎಷ್ಟೋ ಮನೆಗಳಲ್ಲಿ ತಮ್ಮ, ತಂಗಿಯರ ಪಾಲಾಗಿ ಗೇಮಿನ ಹಲಗೆಗಳಾಗಿವೆ. ಇವುಗಳ ಸೌಂಡ್ ಒಂದೇ ಟ್ಯಾಂಕಿನಿಂದ ಬರುವ ಹಲವು ನಲ್ಲಿಗಳಿದ್ದಂತೆ: ಮೀಡಿಯಾಕ್ಕೊಂದು, ಕರೆಗೊಂದು, ರಿಂಗ್‌ಟೋನಿಗೊಂದು, ಅಲಾರಾಂಗೊಂದು. ಒಂದನ್ನು ತಿರುಗಿಸಿದರೆ ಇನ್ನೊಂದು ನಿಲ್ಲುವುದಿಲ್ಲ. ಗೇಮ್, ಯೂಟ್ಯೂಬ್, ಹಾಡು ಮೂರೂ ಬರುವುದು ಮೀಡಿಯಾ ನಲ್ಲಿಯಿಂದಲೇ. ಆದ್ದರಿಂದ ವಾಲ್ಯೂಮ್ ಬಟನ್ ಒತ್ತಿ ಗೇಮಿನ ಸೌಂಡ್ ಸೊನ್ನೆಗೆ ಇಳಿಸಿದರೆ ಪಾಠದ ವಿಡಿಯೋ ಸೌಂಡೂ ಸೊನ್ನೆ. ಮರುದಿನ ಬೆಳಿಗ್ಗೆ ಆನ್‌ಲೈನ್ ಕ್ಲಾಸು ತೆರೆದು, ಮೇಷ್ಟ್ರ ಮಾತು ಕೇಳಿಸುತ್ತಿಲ್ಲ ಎಂದು ನೆಟ್‌ವರ್ಕನ್ನು ಬೈಯುವುದು ಹೀಗೇ.

ಇನ್ನೊಂದು ಗೊಂದಲ ಹಳೆಯ ಟ್ಯಾಬುಗಳದ್ದು. 2018ರಲ್ಲಿ ಬಂದ ಆಂಡ್ರಾಯ್ಡ್ 9ರಿಂದ ಈಚೆಗೆ ಪಕ್ಕದ ಬಟನ್ ಒತ್ತಿದರೆ ಸಾಮಾನ್ಯವಾಗಿ ಬದಲಾಗುವುದು ಮೀಡಿಯಾ ವಾಲ್ಯೂಮ್. ಅದಕ್ಕೂ ಮುಂಚಿನವುಗಳಲ್ಲಿ, ಏನೂ ಹಾಡದೆ ಇರುವಾಗ ಅದೇ ಬಟನ್ ರಿಂಗ್‌ಟೋನ್ ಇಳಿಸುತ್ತಿತ್ತು. ಬಸ್ಸಿನಲ್ಲಿ ಕೂತ ಮೇಲೆ ಮುನ್ನೆಚ್ಚರಿಕೆಯಿಂದ ವಾಲ್ಯೂಮ್ ಪೂರ್ತಿ ಇಳಿಸಿ, ಆಮೇಲೆ ಗೇಮ್ ತೆರೆದರೆ ಧಡ್ ಎಂದು ಸೌಂಡ್ ಬಂದು ಮುಂದಿನ ಸೀಟಿನವರು ತಿರುಗಿ ನೋಡುವುದು ಇದರಿಂದ. ಬಟನ್ ಒತ್ತಿದಾಗ ಪರದೆಯಂಚಿಗೆ ಬರುವ ಪಟ್ಟಿಯಲ್ಲಿ ಮೂರು ಚುಕ್ಕಿ ಕಾಣುತ್ತವೆ, ಇಲ್ಲವೇ ಕೆಳಮುಖದ ಬಾಣ. ಅದನ್ನು ಮುಟ್ಟಿದರೆ ಎಲ್ಲ ನಲ್ಲಿಗಳೂ ಸಾಲಾಗಿ ತೆರೆದುಕೊಳ್ಳುತ್ತವೆ, ಯಾವುದು ಎಲ್ಲಿದೆ ಎಂದು ಕಣ್ಣಾರೆ ನೋಡಬಹುದು. ಇದೊಂದು ಅಭ್ಯಾಸ ಇದ್ದರೆ ನನ್ನ ಅಂಗಡಿಗೆ ಬರುವವರು ಅರ್ಧ ಕಡಿಮೆಯಾಗುತ್ತಾರೆ, ಬೇಸರವಿಲ್ಲ.

ಹಾಗಾದರೆ ಆಂಡ್ರಾಯ್ಡಿನಲ್ಲಿ ಗೇಮನ್ನಷ್ಟೇ ಸುಮ್ಮನಾಗಿಸುವುದು ಹೇಗೆ? ಗೇಮಿನೊಳಗೇ ಹೋಗಬೇಕು. ಹಲ್ಲುಗಾಲಿಯ ಗುರುತು ಒತ್ತಿದರೆ ಸೆಟ್ಟಿಂಗ್ಸ್ ಬರುತ್ತದೆ, ಬಹಳಷ್ಟು ಗೇಮುಗಳಲ್ಲಿ ಅಲ್ಲಿ ಎರಡು ಗುಂಡಿ ಇರುತ್ತವೆ: ಒಂದು ಹಿಂದೆ ಸದಾ ಓಡುವ ಮ್ಯೂಸಿಕ್ಕಿಗೆ, ಇನ್ನೊಂದು ನಾಣ್ಯ ಬಿದ್ದದ್ದು, ಗುಂಡು ಹಾರಿದ್ದು, ಕಾರು ಗುದ್ದಿದ್ದು ಇಂಥವಕ್ಕೆ. ಜನ ಒಂದನ್ನು ಮಾತ್ರ ಆರಿಸಿ, ಆಗಲಿಲ್ಲ ಎಂದು ಬರುತ್ತಾರೆ. ಎರಡನ್ನೂ ಆರಿಸಬೇಕು. ಮನೆಯವರ ತಲೆ ಚಿಟ್ಟು ಹಿಡಿಸುವುದು ಸಾಮಾನ್ಯವಾಗಿ ಮ್ಯೂಸಿಕ್, ಅರ್ಧ ನಿಮಿಷದ ಅದೇ ರಾಗ ಗಂಟೆಗಟ್ಟಲೆ ಸುತ್ತುತ್ತಿರುತ್ತದೆ. ಆಡುವವರಿಗೆ ನಿಜವಾಗಿ ಬೇಕಾದ್ದು ಎರಡನೆಯದು. ಬಿಜಿಎಂಐ ಎಂಬ ಗುಂಡಿನ ಕಾಳಗದ ಗೇಮ್ ಆಡುವ ಹುಡುಗರನ್ನು ಕೇಳಿ ನೋಡಿ, ಶತ್ರುವಿನ ಹೆಜ್ಜೆ ಸಪ್ಪಳ ಯಾವ ದಿಕ್ಕಿನಿಂದ ಬಂತು ಎನ್ನುವುದರ ಮೇಲೇ ಅವರ ಜೀವ ನಿಂತಿರುತ್ತದೆ. ಅಂಥ ಗೇಮುಗಳಲ್ಲಿ ಗೆಳೆಯರ ಮಾತಿಗೆ, ಅಂದರೆ ವಾಯ್ಸ್ ಚಾಟಿಗೆ, ಮೂರನೇ ಗುಂಡಿಯೂ ಬೇರೆಯೇ ಇರುತ್ತದೆ. ಮ್ಯೂಸಿಕ್ ಆರಿಸಿ, ಉಳಿದದ್ದು ಸಣ್ಣಗಿಡಿ ಎಂದು ರಾಜಿ ಮಾಡಿಸಿದರೆ ಅಪ್ಪ-ಮಗ ಇಬ್ಬರೂ ಒಪ್ಪುತ್ತಾರೆ.

ಆದರೂ ಒಂದು ಕಾಟ ಉಳಿಯುತ್ತದೆ, ಜಾಹೀರಾತು. ಪುಕ್ಕಟೆ ಗೇಮುಗಳಲ್ಲಿ ಒಂದು ಆಟ ಮುಗಿದ ಕೂಡಲೇ ನುಗ್ಗುವ ಜಾಹೀರಾತಿಗೂ ಗೇಮಿನ ಸೆಟ್ಟಿಂಗಿಗೂ ಎಷ್ಟೋ ಸಲ ಸಂಬಂಧವೇ ಇರುವುದಿಲ್ಲ. ಅದು ಹೊರಗಿನಿಂದ, ಇಂಟರ್ನೆಟ್ ಮೂಲಕ, ಬೇರೆ ಕಂಪನಿಯ ಸಾಫ್ಟ್‌ವೇರಿನ ತುಣುಕಿನಿಂದ ಬರುವ ವಿಡಿಯೋ. ಗೇಮ್ ಮೌನ, ಜಾಹೀರಾತು ಕಿರುಚಾಟ. ಇದಕ್ಕೆ ನಾನು ಹೇಳುವ ಉಪಾಯ ಸರಳ: ಇಂಟರ್ನೆಟ್ ಬೇಡದ ಗೇಮಾದರೆ ವೈಫೈ, ಡೇಟಾ ಬಂದ್ ಮಾಡಿ ಆಡಲು ಕೊಡಿ. ಜಾಹೀರಾತು ಬರಲು ದಾರಿಯೇ ಇರುವುದಿಲ್ಲ. ಸ್ಯಾಮ್ಸಂಗ್ ಟ್ಯಾಬ್ ಇದ್ದವರಿಗೆ ಇನ್ನೊಂದು ಅನುಕೂಲವಿದೆ. ಅವರದೇ ಸೌಂಡ್ ಅಸಿಸ್ಟೆಂಟ್ ಎಂಬ ಆ್ಯಪ್ ಹಾಕಿಕೊಂಡರೆ ಒಂದೊಂದು ಆ್ಯಪಿಗೆ ಒಂದೊಂದು ವಾಲ್ಯೂಮ್ ಇಡಬಹುದು, ಗೇಮಿಗೆ ಸೊನ್ನೆ, ಯೂಟ್ಯೂಬಿಗೆ ಪೂರ್ತಿ. ಬೇರೆ ಕೆಲವು ಕಂಪನಿಗಳೂ ಇಂಥದ್ದನ್ನು ಸೆಟ್ಟಿಂಗ್ಸಿನ ಸೌಂಡ್ ವಿಭಾಗದಲ್ಲಿ ಕೊಟ್ಟಿವೆ, ಹುಡುಕಿ ನೋಡಿ.

ಬಸ್ಸು, ರೈಲಿನ ವಿಷಯಕ್ಕೆ ಈಗ ನಿಯಮವೇ ಇದೆ. ಮೊಬೈಲಿನಲ್ಲಿ ಜೋರಾಗಿ ಹಾಡು, ವಿಡಿಯೋ ಹಾಕುವುದನ್ನು ಕೆಎಸ್‌ಆರ್‌ಟಿಸಿ 2021ರ ನವೆಂಬರಿನಲ್ಲಿ ನಿಷೇಧಿಸಿತು, ಹೈಕೋರ್ಟಿನ ಸೂಚನೆಯ ಮೇಲೆ. ಕಂಡಕ್ಟರ್ ಹೇಳಿಯೂ ಕೇಳದಿದ್ದರೆ ಟಿಕೆಟ್ ದುಡ್ಡು ವಾಪಸ್ ಕೊಡದೆ ಕೆಳಗಿಳಿಸಬಹುದು. ನಮ್ಮ ಕಡೆ ಹೆಚ್ಚಾಗಿ ಓಡುವುದು ಕಲ್ಯಾಣ ಕರ್ನಾಟಕ ಸಾರಿಗೆಯ ಬಸ್ಸು, ಅದು ಬೇರೆ ನಿಗಮ. ಆದರೆ ಪಕ್ಕದ ಸೀಟಿನವರ ಕಿವಿ ಎಲ್ಲ ನಿಗಮದಲ್ಲೂ ಒಂದೇ. ರೈಲಿನಲ್ಲಿ ರಾತ್ರಿ 10ರ ಮೇಲೆ ಇಯರ್‌ಫೋನ್ ಇಲ್ಲದೆ ಹಾಡು ಹಾಕುವಂತಿಲ್ಲ ಎಂದು ರೈಲ್ವೆಯವರು 2022ರಲ್ಲಿ ಹೇಳಿದ್ದಾರೆ. ಬೆಂಗಳೂರಿಗೆ ಹಂಪಿ ಎಕ್ಸ್‌ಪ್ರೆಸ್ ಹತ್ತುವ ಮುಂಚೆಯೇ ಮಗುವಿನ ಗೇಮಿನ ಎರಡೂ ಗುಂಡಿ ಆರಿಸಿಟ್ಟರೆ ಬರ್ತಿನಲ್ಲಿ ಜಗಳವಿಲ್ಲ.

ಇಯರ್‌ಫೋನ್ ಹಾಕಿಬಿಟ್ಟರಾಯಿತಲ್ಲ ಎನ್ನುವವರನ್ನು ನಾನು ಸ್ವಲ್ಪ ತಡೆಯುತ್ತೇನೆ. ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕದಲ್ಲಿ ದೊಡ್ಡವರಿಗೆ 80 ಡೆಸಿಬಲ್‌ನಲ್ಲಿ ವಾರಕ್ಕೆ 40 ತಾಸು ಮಿತಿ, ಮಕ್ಕಳಿಗೆ 75 ಡೆಸಿಬಲ್‌ನಲ್ಲಿ 40 ತಾಸು. ಡೆಸಿಬಲ್ ಮೂರು ಏರಿದರೆ ತಾಸು ಅರ್ಧಕ್ಕೆ ಇಳಿಯುತ್ತದೆ. ಬಸ್ಸಿನ ಎಂಜಿನ್ ಸದ್ದನ್ನು ಮೀರಿಸಲು ಮಗು ವಾಲ್ಯೂಮ್ ಏರಿಸುತ್ತಲೇ ಹೋಗುತ್ತದೆ, ಹೊರಗೆ ಕೂತ ನಮಗೆ ಅದು ಗೊತ್ತಾಗುವುದಿಲ್ಲ. ಗೇಮಿಗೆ ಇಯರ್‌ಫೋನ್ ಕೊಡುವುದಕ್ಕಿಂತ ಗೇಮಿನ ಸೌಂಡನ್ನೇ ಆರಿಸುವುದು ಮೇಲು ಎಂಬುದು ನನ್ನ ಮಾತು. ಐಪ್ಯಾಡಿನ ಸೆಟ್ಟಿಂಗ್ಸಿನಲ್ಲಿ ಹೆಡ್‌ಫೋನಿನ ಜೋರು ಸೌಂಡಿಗೆ ಕಡಿವಾಣ ಹಾಕುವ ಆಯ್ಕೆಯಿದೆ. ಮಗು ಒಂದೇ ಆ್ಯಪಿನಲ್ಲಿ ಉಳಿಯುವಂತೆ ಮಾಡುವ ಗೈಡೆಡ್ ಆ್ಯಕ್ಸೆಸ್ ಎಂಬುದನ್ನು ಹಾಕಿದರೆ ವಾಲ್ಯೂಮ್ ಬಟನ್ ಕೆಲಸ ಮಾಡದಂತೆಯೂ ಇಡಬಹುದು, ನೀವು ಇಟ್ಟಷ್ಟೇ ಸೌಂಡ್.

ಸೌಂಡ್ ಆರಿಸಿದ್ದರಿಂದ ಒಂದು ನಷ್ಟವೂ ಇದೆ, ಅದನ್ನೂ ಹೇಳಬೇಕು. ಅಡುಗೆಮನೆಯಲ್ಲಿ ರೊಟ್ಟಿ ಬಡಿಯುವ ತಾಯಿಗೆ ಒಳಗಿನ ಕೋಣೆಯ ಗೇಮಿನ ಸದ್ದೇ ಗಡಿಯಾರ: ಇನ್ನೂ ಆಡ್ತಾನೆ, ಸಾಕು ಮಾಡಿಸಬೇಕು ಎಂದು ತಿಳಿಯುತ್ತಿತ್ತು. ಸದ್ದು ನಿಂತ ಮೇಲೆ ಓದುತ್ತಿದ್ದಾನೆ ಎಂದುಕೊಳ್ಳುತ್ತಾರೆ. ಮ್ಯೂಟ್ ಮಾಡಿಕೊಡಿ ಎಂದು ಕೇಳುವ ತಂದೆ ತಾಯಿಗೆ, ಜೊತೆಗೆ ಟೈಮ್ ಮಿತಿಯನ್ನೂ ಹಾಕಿಸಿಕೊಳ್ಳಿ ಎನ್ನುತ್ತೇನೆ. ಐಪ್ಯಾಡಿನಲ್ಲಿ ಸ್ಕ್ರೀನ್ ಟೈಮ್, ಆಂಡ್ರಾಯ್ಡಿನಲ್ಲಿ ಗೂಗಲ್‌ನ ಫ್ಯಾಮಿಲಿ ಲಿಂಕ್, ಎರಡೂ ಪುಕ್ಕಟೆ.

ಇನ್ನು ಯಾವ ಗುಂಡಿಯನ್ನೂ ಒತ್ತದೆ ಟ್ಯಾಬ್ ಪೂರ್ತಿ ಮೌನವಾದರೆ? ಮೊದಲು ಬ್ಲೂಟೂತ್ ನೋಡಿ. ಹಾಲ್‌ನಲ್ಲಿರುವ ಸೌಂಡ್‌ಬಾರಿಗೋ, ಅಣ್ಣನ ಇಯರ್‌ಬಡ್ಸಿಗೋ ಟ್ಯಾಬ್ ತಾನಾಗಿ ಜೋಡಿಸಿಕೊಂಡು ಸೌಂಡನ್ನು ಅಲ್ಲಿಗೆ ಕಳಿಸುತ್ತಿರುತ್ತದೆ. ಆಮೇಲೆ ಇಯರ್‌ಫೋನ್ ಚುಚ್ಚುವ ತೂತು. ಅದರೊಳಗೆ ಪಿನ್ ಬಂದದ್ದನ್ನು ಗುರುತಿಸುವ ಸಣ್ಣ ಸಂಪರ್ಕ ಇರುತ್ತದೆ. ಕಸ ತುಂಬಿದರೆ, ಪಸೆ ಕೂತರೆ, ಪಿನ್ ಚುಚ್ಚಿದ್ದಾರೆಂದೇ ಟ್ಯಾಬ್ ನಂಬಿ ಸ್ಪೀಕರ್ ಬಂದ್ ಮಾಡುತ್ತದೆ. ಪರದೆಯ ಮೇಲೆ ಹೆಡ್‌ಫೋನ್ ಗುರುತು ಕಾಣುತ್ತಿದ್ದರೆ ಇದೇ ಎಂದು ತಿಳಿಯಿರಿ. ಜೀನ್ಸ್ ಹೊಲಿಯುವ ಯೂನಿಟ್ಟುಗಳಲ್ಲಿ ದುಡಿಯುವವರ ಮನೆಯ ಟ್ಯಾಬುಗಳಲ್ಲಿ ಆ ತೂತಿನಿಂದ ನೀಲಿ ನೂಲಿನ ಉಂಡೆ ತೆಗೆದಿದ್ದೇನೆ. ಟ್ಯಾಬ್ ಆಫ್ ಮಾಡಿ, ಹಲ್ಲು ಕಡ್ಡಿಯ ತುದಿಯಿಂದ ಮೆಲ್ಲಗೆ ಎಳೆದರೆ ಬರುತ್ತದೆ. ಸೂಜಿ, ಪಿನ್ನು ಬೇಡ, ಒಳಗಿನ ಸಂಪರ್ಕ ಬಾಗುತ್ತದೆ.

ಸ್ಪೀಕರಿನ ಜಾಲರಿಗೆ ನಮ್ಮ ಜಿಲ್ಲೆಯದೇ ರೋಗವೊಂದಿದೆ. ಅದಿರಿನ ಕೆಂಪು ಧೂಳು ಎಲ್ಲ ಕಡೆ ಕೂರುತ್ತದೆ, ಮೆತ್ತನೆಯ ಒಣ ಬ್ರಷ್ಷಿಗೆ ಬಿಡುತ್ತದೆ. ಸ್ಪಾಂಜ್ ಐರನ್ ಫ್ಯಾಕ್ಟರಿಗಳ ಆಸುಪಾಸಿನ ಊರುಗಳಿಂದ ಬಂದ ಟ್ಯಾಬುಗಳದ್ದು ಬೇರೆ ಕಥೆ. ಆ ಧೂಳಿನಲ್ಲಿ ಕಬ್ಬಿಣವೇ ಇರುತ್ತದೆ, ಸ್ಪೀಕರಿನೊಳಗೆ ಅಯಸ್ಕಾಂತ. ಕರಿ ಪುಡಿ ಜಾಲರಿಗೆ ರೋಮದಂತೆ ಎದ್ದು ಅಂಟಿಕೊಂಡಿರುತ್ತದೆ, ಬ್ರಷ್ ಎಷ್ಟು ಆಡಿಸಿದರೂ ಸರಿದು ಮತ್ತೆ ಅಲ್ಲೇ ಕೂರುತ್ತದೆ. ಬ್ಲೋಯರ್ ಹಿಡಿದರೆ ಇನ್ನೂ ಒಳಕ್ಕೆ ಹೋಗುತ್ತದೆ. ಅಂಟು ಟೇಪ್ ಒತ್ತಿ ಎತ್ತಬೇಕು, ಹೊಸ ತುಂಡು ಹಿಡಿದು ಮತ್ತೆ ಒತ್ತಿ ಎತ್ತಬೇಕು, ಟೇಪಿಗೆ ಕಪ್ಪು ಹತ್ತುವುದು ನಿಲ್ಲುವ ತನಕ.

ಇಷ್ಟಾದ ಮೇಲೂ ದನಿ ಬಾರದಿದ್ದರೆ, ಇಲ್ಲವೇ ಗರಗರ ಎಂದು ಒಡೆದು ಬಂದರೆ, ಆಗ ಸ್ಪೀಕರ್ ನಿಜವಾಗಿಯೂ ಹೋಗಿರಬಹುದು, ಬಿಚ್ಚಲೇಬೇಕು. ತರುವಾಗ ಚಾರ್ಜ್ ಮಾಡಿ ತನ್ನಿ, ಲಾಕ್ ಪ್ಯಾಟರ್ನ್ ಗೊತ್ತಿರುವ ಮಗುವನ್ನೂ ಕರೆದುಕೊಂಡು ಬನ್ನಿ.