ಬೆನ್ನುಮೂಳೆಯನ್ನು ಮುಟ್ಟದ ಜೀನು

ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯವನ್ನು ಸುತ್ತುವವರಿಗೆ ಹೊರಗೋಡೆಯ ಬುಡದಲ್ಲಿ ಆನೆ, ಸಿಂಹಗಳ ಪಟ್ಟಿಕೆಗಳ ಮೇಲೆ ಕುದುರೆ ಸವಾರರ ಸಾಲು ಕಾಣುತ್ತದೆ. 12ನೆಯ ಶತಮಾನದ ಈ ಶಿಲ್ಪಗಳಲ್ಲಿ ಲಗಾಮು ಮತ್ತು ಅಲಂಕಾರಗಳು ತಟ್ಟನೆ ಕಣ್ಣಿಗೆ ಬೀಳುತ್ತವೆ. ಸವಾರಿಯ ನಿಜವಾದ ಯಂತ್ರಶಾಸ್ತ್ರವಾದರೋ ಸವಾರನ ತೊಡೆಯ ಕೆಳಗೆ, ಶಿಲ್ಪಿಯ ಉಳಿಗೆ ನಿಲುಕದ ಕಡೆ ಅಡಗಿರುತ್ತದೆ.

ಕುದುರೆಯ ಬೆನ್ನು ಭಾರ ಹೊರಲೆಂದು ವಿಕಾಸಗೊಂಡದ್ದಲ್ಲ. ಎದೆಭಾಗದ 18 ಕಶೇರುಕಗಳಿಂದ, ಅಂದರೆ ಬೆನ್ನುಮೂಳೆಯ ಮಣಿಗಳಿಂದ, ಮೇಲಕ್ಕೆ ಚಾಚಿದ ಎಲುಬಿನ ತುದಿಗಳು ಚರ್ಮಕ್ಕೆ ತೀರ ಸಮೀಪದಲ್ಲಿರುತ್ತವೆ. ಒತ್ತಡ ತಾಳಬಲ್ಲದ್ದು ಅವುಗಳ ಎರಡೂ ಮಗ್ಗುಲಲ್ಲಿ ಉದ್ದಕ್ಕೆ ಹಬ್ಬಿದ ದಪ್ಪ ಸ್ನಾಯು. ಸವಾರನ ತೂಕವೂ ಒಂದೇ ಸಮನಾಗಿ ಬೀಳುವುದಿಲ್ಲ. ನಡಿಗೆಯಲ್ಲಿ ಬೆನ್ನಿನ ಮೇಲಿನ ಗರಿಷ್ಠ ಬಲ ಹೆಚ್ಚುಕಡಿಮೆ ಅವನ ತೂಕದಷ್ಟಿದ್ದರೆ, ಕುದುರೆ ಕುಕ್ಕುಲೋಟಕ್ಕಿಳಿದಾಗ ಸುಮಾರು ಎರಡು ಪಟ್ಟಾಗುತ್ತದೆ, ಇನ್ನೂ ವೇಗದ ನೆಗೆತದ ಓಟದಲ್ಲಿ ಅದನ್ನೂ ಮೀರುತ್ತದೆ. ಇಷ್ಟು ಬಲ ಅಂಗೈಯಗಲದ ಜಾಗದಲ್ಲಿ ಬಹಳ ಹೊತ್ತು ನಿಂತರೆ ಚರ್ಮದ ಸೂಕ್ಷ್ಮ ರಕ್ತನಾಳಗಳು ಮುಚ್ಚಿಕೊಳ್ಳುತ್ತವೆ, ಕೂದಲಿನ ಬುಡಕ್ಕೆ ಪೆಟ್ಟಾಗುತ್ತದೆ, ಮುಂದೆ ಅಲ್ಲಿ ಬಿಳಿಯ ಕೂದಲೇ ಹುಟ್ಟುತ್ತದೆ. ಕಂದು ಕುದುರೆಯ ಬೆನ್ನಿನ ಇಂಥ ಬಿಳಿ ಮಚ್ಚೆ ಎಷ್ಟೋ ಸಲ ಹೊಂದದ ಜೀನಿನ, ಅಂದರೆ ಸವಾರ ಕೂರುವ ತಡಿಯ, ಗುರುತು.

ಒಳ್ಳೆಯ ಜೀನಿನೊಳಗೆ ಮರದ ಅಥವಾ ಅಂಥ ಗಟ್ಟಿ ವಸ್ತುವಿನ ಚೌಕಟ್ಟಿರುತ್ತದೆ. ಅದು ತೂಕವನ್ನು ಎರಡೂ ಪಕ್ಕದ ಸ್ನಾಯುಗಳಿಗೆ ಹರಡಿ, ನಡುವೆ ಬೆನ್ನುಮೂಳೆಯ ಉದ್ದಕ್ಕೂ ಖಾಲಿ ಜಾಗ ಬಿಡುತ್ತದೆ. ಬಲ ಅಷ್ಟೇ ಇದ್ದರೂ ತಾಗುವ ವಿಸ್ತೀರ್ಣ ಹೆಚ್ಚಿದಂತೆ ಒತ್ತಡ ಇಳಿಯುತ್ತದೆ.

ಇತಿಹಾಸಕಾರರು ಹೊಗಳುವುದು ಮಾತ್ರ ರಿಕಾಪನ್ನು, ಅಂದರೆ ಸವಾರ ಪಾದವೂರುವ ಇಳಿಬಿಟ್ಟ ಕುಣಿಕೆಯನ್ನು. ಕಾಲಿನ ಹೆಬ್ಬೆರಳನ್ನಷ್ಟೇ ತೂರಿಸುವ ಕುಣಿಕೆ ಕ್ರಿಸ್ತಪೂರ್ವದ ಭಾರತದಲ್ಲೇ ಇತ್ತು; ಚೀನಾದ ಚಾಂಗ್‌ಷಾದಲ್ಲಿ ಸಿಕ್ಕ, ಕ್ರಿ.ಶ. 302ರ ಕಾಲದ ಮಣ್ಣಿನ ಗೊಂಬೆಯಲ್ಲಿ ಕುದುರೆ ಹತ್ತುವುದಕ್ಕೆಂದು ಒಂದೇ ಬದಿಗೆ ರಿಕಾಪಿದೆ. ಯುರೋಪಿನ ಊಳಿಗಮಾನ್ಯ ಪದ್ಧತಿಗೇ ಅದು ಕಾರಣವೆಂದು ವಾದಿಸಿದವರೂ ಉಂಟು. ಇದು ಅತಿಯಾಯಿತೆಂದೇ ನನ್ನ ಅಭಿಪ್ರಾಯ. ರೋಮನ್ ಸವಾರರು ರಿಕಾಪಿಲ್ಲದೆ, ನಾಲ್ಕು ಕೊಂಬಿನ ಜೀನಿನಲ್ಲಿ ಭದ್ರವಾಗಿ ಕುಳಿತು ಕಾದಾಡಿದರು. ಮೆತ್ತನೆಯ ಹಾಸಿನಿಂದ ರಿಕಾಪು ಇಳಿಬಿಟ್ಟು ಎದ್ದು ನಿಂತರೆ, ಸವಾರನ ಇಡೀ ತೂಕ ಒಂದು ಕಿರಿದಾದ ಪಟ್ಟಿಯ ಮೂಲಕ ಬೆನ್ನಿಗೆ ಒತ್ತುತ್ತದೆ. ಚೌಕಟ್ಟಿಲ್ಲದ ರಿಕಾಪು ಕುದುರೆಗೆ ಹಿಂಸೆಯೇ.

ಕಡಿವಾಣದ ಕಬ್ಬಿಣ ಹಲ್ಲಿಗೆ ತಾಗುವುದೆಂಬ ಭಾವನೆ ಸರಿಯಲ್ಲ. ಮುಂಹಲ್ಲು ಮತ್ತು ದವಡೆಹಲ್ಲುಗಳ ನಡುವಿನ ಬರಿಯ ವಸಡಿನ ಮೇಲೆ ಅದು ಕೂರುತ್ತದೆ. ಹಾಗಾಗಿ ಲಗಾಮಿನ ಸಣ್ಣ ಎಳೆತವೂ ಕುದುರೆಗೆ ತಿಳಿಯುತ್ತದೆ.

ಚಿಕ್ಕಮಗಳೂರಿನ ಗಿರಿಗಳಂಥ ಏರಿಳಿತದ ಹಾದಿಯಲ್ಲಿ ಹೊಟ್ಟೆಪಟ್ಟಿಯೊಂದೇ ಸಾಲದು. ಏರುವಾಗ ಜೀನು ಹಿಂದಕ್ಕೆ ಜಾರದಂತೆ ಎದೆಪಟ್ಟಿ ತಡೆದರೆ, ಇಳಿಯುವಾಗ ಅದು ಹೆಗಲ ಮೇಲೆ ನುಗ್ಗದಂತೆ ಬಾಲದ ಬುಡವನ್ನು ಬಳಸಿ ಬಂದ ಪಟ್ಟಿ ಹಿಡಿದಿಡುತ್ತದೆ.